ಚುಕ್ಕಾಣಿಯ ಜಾತಕ

ದೋಣಿಯಲ್ಲಿ ಕೆಲಸ ಕೇಳಿ ಬಂದವನ ಅಂಗೈ ಮೆತ್ತಗಿತ್ತು. ಕಸ್ಟಮ್ಸಿನವರು ಕಳಿಸಿದ ಬೇಹುಗಾರನಿರಬೇಕೆಂದು ದೋಣಿಯ ಯಜಮಾನ ಜಟ್ಟಪ್ಪನಿಗೆ ಅನುಮಾನ ಬಂತು.

ದೋಣಿಯ ಹಿಂಬದಿ ತೋರಿಸಿ ಕೇಳಿದ, “ಇದೆಂತ, ಗೊತ್ತುಂಟಾ?”

“ಚುಕ್ಕಾಣಿ. ಅರಬ್ಬರ ಸುಕ್ಕಾನ್ ನಮ್ಮ ಬಾಯಲ್ಲಿ ಚುಕ್ಕಾಣಿ ಆಯ್ತು.”

“ಲಂಗರು?”

“ಅದು ಪಾರಸಿ ಮಾತು.”

ಜಟ್ಟಪ್ಪನ ಅನುಮಾನ ಗಟ್ಟಿಯಾಯಿತು.

“ಚುಕ್ಕಾಣಿ ಹಿಡಿಯೋದು ಇಲ್ಲಿ ಎಲ್ಲರಿಗೂ ಗೊತ್ತು. ಅದರ ಜಾತಕ ಯಾರಿಗೂ ಗೊತ್ತಿಲ್ಲ. ನೀನು ಪುಸ್ತಕ ಓದಿ ಬಂದವ.”

“ಇಲ್ಲಣ್ಣ. ನಾನು ದೋಣಿ ಹತ್ತಿದವನೇ ಅಲ್ಲ. ಅರಬ್ಬರ ನಾಡಿನ ಜೈಲಿನಲ್ಲಿ ಜೊತೆಗಿದ್ದವನೊಬ್ಬ ಹೊತ್ತು ಕಳೆಯೋಕೆ ಇವನ್ನೆಲ್ಲ ಹೇಳಿಕೊಡ್ತಿದ್ದ. ಅವನೇ ನಿಮ್ಮ ಹತ್ತಿರ ಕಳಿಸಿದ.”

“ಯಾರವ?”

“ನಿಮ್ಮ ತಮ್ಮ. ತನ್ನ ತಿಥಿ ಮಾಡೋದನ್ನ ಇನ್ನು ನಿಲ್ಲಿಸಬೇಕಂತೆ.”