ಹೆಗಲು ಕೊಡುವವರು

"ಮಗಳ ಹೆಸರಿನ ಪಕ್ಕ ಕಂಸದಲ್ಲಿ ಅಳಿಯನ ಹೆಸರು ಹಾಕುವುದು ನಮ್ಮೂರ ಪದ್ಧತಿ. ಬರೀ ದಾನ್ ಅಂತ ಬರೆಯಲೋ, ಪೂರ್ತಿ ಹೆಸರು ಬೇಕೋ?" ಎಂದು ಮಿಸ್ ಡಾಟಿ ಇಂಗ್ಲಿಷಿನಲ್ಲಿ ಕೇಳಿದರು. ಟೇಲರ್ ಎಂಬ ಆ ಸಣ್ಣ ಅಮೆರಿಕನ್ ಊರಿನಲ್ಲಿ ಯಾರು ಸತ್ತರೂ ಶವಸಂಸ್ಕಾರದ ಏರ್ಪಾಡು ಅವರದೇ. ಊರ ವಾರಪತ್ರಿಕೆಗೆ ಮರಣವಾರ್ತೆ ಬರೆದು ಕಳಿಸುವವರೂ ಅವರೇ. ಸತ್ತವರಿಗೆ ಯಾರು ಏನಾಗಬೇಕು ಎಂಬುದನ್ನು ಮೊಮ್ಮಕ್ಕಳವರೆಗೂ ಅಚ್ಚು ಹಾಕದಿದ್ದರೆ ಆ ಊರಿಗೆ ಸಮಾಧಾನವಿಲ್ಲ.

ವಾಣಿಶ್ರೀ ಬಾಯಿ ತೆರೆಯುವ ಮೊದಲೇ ಅವಳ ಅಣ್ಣ ಸಂಗಮೇಶ್ ಕೈ ಅಡ್ಡ ಹಿಡಿದ. ಅಪ್ಪ ಹೋದ ಸುದ್ದಿ ಕೇಳಿ ಡಾಲಸ್ ಬಳಿಯ ಮರ್ಫಿಯಿಂದ ಡ್ರೈವ್ ಮಾಡಿಕೊಂಡು ಬಂದಿದ್ದ. ಅತ್ತಿದ್ದ, ನಿಜವಾಗಿಯೂ ಅತ್ತಿದ್ದ. ಈಗ ಕಣ್ಣೊರೆಸಿಕೊಂಡು ಕಾರುಬಾರಿಗೆ ನಿಂತಿದ್ದ.

"ವಾಣಿ, ದಾನಪ್ಪನ ಹೆಸರು ಬ್ಯಾಡ," ಎಂದ ಕನ್ನಡದಲ್ಲಿ.

"ಯಾಕ?"

"ಇದು ಇಂಟರ್ನೆಟ್ಟಿನ್ಯಾಗೂ ಬರತೈತಿ. ನನ್ನ ಮಗಳು ಅನಘಾನ್ನ ನೋಡಿ ಹೋದ ಮಿಸೌರಿ ಸಿಟಿ ಮಂದಿ ಇನ್ನೂ ಹೂಂ ಅಂದಿಲ್ಲ. ನಮ್ಮ ಮನಿತನ ಹುಡುಕಿದ್ರ ಮೊದಲ ಇದ ಸಿಗತೈತಿ. ಅಡ್ಡಹೆಸರು ನೋಡಿದ್ರ ಯಾವ ಕೇರಿಯಾಂವ ಅಂತ ಗೊತ್ತಾಗೂದಿಲ್ಲೇನು?"

"ಆರು ವರ್ಷ ಅಪ್ಪ ಉಂಡಿದ್ದು ಆ ಕೇರಿಯವನ ಮನ್ಯಾಗ, ಅಣ್ಣಾ."

"ಉಂಡಿಲ್ಲ ಅಂದ್ನೇನು ನಾ? ಪೇಪರಿನ್ಯಾಗ ಯಾಕ ಅನ್ನಾಕತ್ತೀನಿ."

ಊರು ಒಂದೇ, ಕೇರಿ ಬೇರೆ. ದಾನಪ್ಪನ ಜೊತೆಗಿನ ಅವಳ ಮದುವೆಗೆ ಅಪ್ಪ ಅಣ್ಣಾಸಾಹೇಬರು ಬರಲಿಲ್ಲ. ೨೦೧೧ರಲ್ಲಿ ಅವ್ವ ಮಲ್ಲವ್ವ ತೀರಿಕೊಂಡ ಮೇಲೆ ಮಗನ ಮನೆಗೆ ಬಂದರು, ಸೊಸೆಯೊಡನೆ ಹೊಂದಿಕೆಯಾಗದೆ ಮಗಳಿದ್ದ ಟೇಲರಿಗೆ ಬಂದು ಬಿದ್ದರು. ಮೊದಮೊದಲು ದಾನಪ್ಪ ತಂದಿಟ್ಟ ನೀರನ್ನು ಮುಟ್ಟುತ್ತಿರಲಿಲ್ಲ. ಲಕ್ವ ಹೊಡೆದ ಮೇಲೆ ಅದೇ ದಾನಪ್ಪ ಅವರಿಗೆ ಸ್ನಾನ ಮಾಡಿಸಿ, ವಿಭೂತಿ ಹಚ್ಚಿ, ಅಂಗೈಯಲ್ಲಿ ಲಿಂಗ ಇಡುತ್ತಿದ್ದ. ಅಷ್ಟಾದರೂ ಮುದುಕರ ಬಾಯಲ್ಲಿ ಅಳಿಯ ಎಂಬ ಮಾತು ಬರಲಿಲ್ಲ. ಸಂಜೆಯಾದರೆ "ಆತ ಬಂದನೇನು?" ಎಂದು ಮಗಳನ್ನು ಕೇಳುತ್ತಿದ್ದರು, ಅಷ್ಟೇ.

ಸಣ್ಣವಳಿದ್ದಾಗ ಊರಿಗೆ ಎತ್ತು ಹೊಡೆದುಕೊಂಡು ಹೆಳವ ಬರುತ್ತಿದ್ದ. ಅಂಗಳದಲ್ಲಿ ನಿಂತು ಮನೆತನದ ಗಂಡಸರ ಹೆಸರನ್ನೆಲ್ಲ ತಲೆಮಾರಿನ ಮೇಲೆ ತಲೆಮಾರು ಒಪ್ಪಿಸುತ್ತಿದ್ದ. ಅದರಲ್ಲಿ ವಾಣಿಶ್ರೀ ಎಂದೂ ಬರಲಿಲ್ಲ. ಅದಕ್ಕೇ ಏನೋ, ಟೇಲರಿನ ಪತ್ರಿಕೆಯಲ್ಲಿ ಮರಣವಾರ್ತೆ ಓದುವುದು ಅವಳಿಗೊಂದು ಚಟವಾಗಿತ್ತು. ಅಲ್ಲಿ ಹೆಣ್ಣುಮಕ್ಕಳೂ ಇರುತ್ತಿದ್ದರು, ಅವರು ಮೆಚ್ಚಿ ಕಟ್ಟಿಕೊಂಡವರೂ ಪಕ್ಕದಲ್ಲೇ ಇರುತ್ತಿದ್ದರು. ತನಗೂ ಒಂದು ದಿನ ಅಂಥ ಸಾಲು ಸಿಗುತ್ತದೆ ಎಂದು ಆಸೆಪಟ್ಟಿದ್ದಳು.

ಮಿಸ್ ಡಾಟಿ, ಅಣ್ಣತಂಗಿಯರ ಕನ್ನಡ ಅರ್ಥವಾಗದೆ, ಮುಂದಿನ ಸಾಲಿಗೆ ಹೋದರು. "ಪೆಟ್ಟಿಗೆಗೆ ಹೆಗಲು ಕೊಡುವ ಆರು ಜನರ ಹೆಸರು ಹೇಳಿ. ಕೊನೆಯಲ್ಲಿ ಅದನ್ನೂ ಹಾಕುತ್ತೇವೆ. ನಮ್ಮಲ್ಲಿ ಅದು ದೊಡ್ಡ ಗೌರವ."

ಸಂಗಮೇಶನ ಮುಖ ಅರಳಿತು. "ನೋಡವಾ, ಇಲ್ಲಿ ಹಾಕೂಣು. ನಿಮ್ಮ ಬಾಜೂ ಮನಿಯವರು, ಆಸ್ಟಿನ್ ಗೆಳೆಯಾರು, ಅವರ ಜೋಡಿ ದಾನಪ್ಪ. ಅವನ ಹೆಸರೂ ಬಂದಂಗಾತು, ಅನಘಾನ ಲಗ್ನದ ಮಾತೂ ಕೆಡಲಿಲ್ಲ. ನೀನ ಎತ್ತಿ ಆಡಿಸಿದ ಕೂಸು ಅದು. ಹೂಂ ಅನ್ನು."

ಅಣ್ಣನ ಕಪಾಳಕ್ಕೆ ಬಾರಿಸುವಷ್ಟು ಸಿಟ್ಟು ಬಂತು ವಾಣಿಶ್ರೀಗೆ. ಅಪ್ಪನ ಹೆಣ ಒಳಗಿಟ್ಟುಕೊಂಡು ಜಗಳವಾಡುವುದೇ ಎಂದುಕೊಂಡಳು. ಹೂಂ ಎಂದಳು. ಇಡೀ ಊರನ್ನು ಎದುರು ಹಾಕಿಕೊಂಡು ಮದುವೆಯಾದವಳು ಒಂದು ಕಂಸಕ್ಕೆ ಸೋತಳು. ಗಂಡನಿಗೆ ತಾನೇ ತಿಳಿಸಿ ಹೇಳುತ್ತೇನೆ ಎಂದುಕೊಂಡಿದ್ದಳು, ಅದಕ್ಕೂ ಬಾಯಿ ಬರಲಿಲ್ಲ.

ಮಣ್ಣು ಮಾಡುವ ದಿನ ಬೆಳಿಗ್ಗೆ ಪತ್ರಿಕೆ ಬಂತು. ದಾನಪ್ಪ ಕರಿ ಕೋಟು ತೊಟ್ಟು ಅಡುಗೆಮನೆಯಲ್ಲಿ ನಿಂತೇ ಓದಿದ. ಮಗ ಸಂಗಮೇಶ್, ಕಂಸದಲ್ಲಿ ಅವನ ಹೆಂಡತಿ, ಮೊಮ್ಮಗಳು ಅನಘಾ. ಮಗಳು ವಾಣಿಶ್ರೀ, ಟೇಲರ್. ಅಲ್ಲಿಗೆ ಪೂರ್ಣವಿರಾಮ. ಅವನ ಬೆರಳು ಕೆಳಗಿಳಿಯುತ್ತ ಹೋಗಿ ಕೊನೆಯ ಸಾಲಿನಲ್ಲಿ ನಿಂತಿತು.

"ನಾನ ನಿಮಗ ಹೇಳಬೇಕಂತ..." ವಾಣಿಶ್ರೀ ಶುರುಮಾಡಿದಳು.

"ಹೇಳೂದೇನೈತಿ? ಅಚ್ಚಾಗೇತಲ್ಲ." ಅವನ ದನಿಯಲ್ಲಿ ಸಿಟ್ಟಿರಲಿಲ್ಲ. ಇದ್ದಿದ್ದರೆ ಅವಳು ಬದುಕಿಕೊಳ್ಳುತ್ತಿದ್ದಳು. "ನಮ್ಮಜ್ಜ ನಿಮ್ಮ ಮನಿಯವರಿಗೆ ಕುಣಿ ತೋಡಿ, ದೂರ ಹೋಗಿ ನಿಂದರತಿದ್ದ. ನಮ್ಮಪ್ಪ ಹೆಣದ ಮುಂದ ಹಲಗಿ ಬಾರಿಸಿದ. ನಾ ಪೆಟ್ಟಿಗಿ ಹಿಡಿಯೂ ಮಟ ಬಂದೀನಿ. ಮೂರು ತಲಿಮಾರಿನ್ಯಾಗ ಭಾಳ ಸನೇಕ ಬಂದೀವಿ, ವಾಣಿ."

ಹೊರಗೆ ಸಂಗಮೇಶ್ ಹಾರ್ನ್ ಹೊಡೆದ. ಹೆಗಲು ಕೊಡುವವರಿಗೆಂದು ಮಿಸ್ ಡಾಟಿ ಕಳಿಸಿದ್ದ ಬಿಳಿ ಕೈಗವಸು ಟೇಬಲ್ಲಿನ ಮೇಲಿತ್ತು. ದಾನಪ್ಪ ಒಂದೊಂದೇ ಬೆರಳು ತೂರಿಸಿ ಹಾಕಿಕೊಂಡ.

"ಇವನ್ನೂ ಕೊಟ್ಟಾರ ನೋಡು," ಎಂದ. "ಮುಟ್ಟಿದಂಗ ಆಗಬಾರದಲ್ಲ."