ಅಪ್ಪನ ಚಪ್ಪಾಳೆ

ಲಗಮಣ್ಣ ಎಸೆದ ಚೆಂಡು ಬುಟ್ಟಿಯೊಳಗೆ ಬಿತ್ತು. ಅಂಕಣದ ಅಂಚಿನಲ್ಲಿ ಮಹಾಲಿಂಗಪ್ಪನವರು ಎದ್ದು ನಿಂತು ಚಪ್ಪಾಳೆ ತಟ್ಟಿದರು.

ಇದು ಮೂರನೆಯ ಸಲ. ಗುರುಸಿದ್ಧ ಎಣಿಸುತ್ತಿದ್ದ. ತಟ್ಟುತ್ತಿದ್ದವರು ಅವನ ಸ್ವಂತ ಅಪ್ಪ. ಲಗಮಣ್ಣ ಎದುರು ತಂಡದವನು.

ಎಪ್ಪತ್ತಾರನೆಯ ಇಸವಿ, ದೀಪಾವಳಿಗೆ ಇನ್ನೆರಡು ವಾರ. ಕಬ್ಬು ನುರಿಸುವ ಹಂಗಾಮು ಶುರುವಾಗುವ ಮೊದಲೇ ಸಹಕಾರಿ ಸಕ್ಕರೆ ಕಾರ್ಖಾನೆಯವರು ಎಂಟು ಕಾಲೇಜುಗಳನ್ನು ಕರೆಸಿ ಬಾಸ್ಕೆಟ್‌ಬಾಲ್ ಕಪ್ ಇಟ್ಟಿದ್ದರು. ವರ್ಷದ ಮೊದಲ ಪಂದ್ಯಾವಳಿ. ಫೈನಲ್ ಸಾಂಗಲಿಗೂ ಕೊಲ್ಲಾಪುರಕ್ಕೂ. ಜಗಳವೇ ಬೇಡವೆಂದು ಆಟ ಮಿರಜದಲ್ಲಿ. ಮಿರಜದ ಜನಕ್ಕೆ ಸಾಂಗಲಿಯೂ ಅಷ್ಟೇ, ಕೊಲ್ಲಾಪುರವೂ ಅಷ್ಟೇ. ಯಾರು ಹಾಕಿದರೂ ಸೀಟಿ, ಯಾರು ಹಾಕಿದರೂ ಕೇಕೆ.

ಸಾಂಗಲಿಯ ಗುರುಸಿದ್ಧನಿಗೆ ಕಪ್ಪಿಗಿಂತ ದೊಡ್ಡದು ಪಣಕ್ಕಿತ್ತು. ಬೆಳಿಗ್ಗೆ ಹೊರಡುವಾಗಲೇ ಅಪ್ಪ ಹೇಳಿಬಿಟ್ಟಿದ್ದರು: "ಇವತ್ತ ಒಂದ್ಸಲ ಬಂದು ನೋಡ್ತೀನಿ. ಚಂದ ಆಡಿದಿ ಅಂದ್ರ ಆಡು, ಬ್ಯಾಡ ಅನ್ನೂದಿಲ್ಲ. ಇಲ್ಲಾಂದ್ರ ಪಾಡ್ಯಾದ ದಿನಾ ಸುಮ್ಮ ಬಂದು ಅಂಗಡಿ ಗಾದಿ ಮ್ಯಾಲ ಕುಂದ್ರು."

ಮಹಾಲಿಂಗಪ್ಪನವರದು ಸಾಂಗಲಿ ಪೇಟೆಯಲ್ಲಿ ಅರಿಶಿನದ ಅಂಗಡಿ. ಎರಡೂ ಕಣ್ಣಿಗೆ ಪೊರೆ ಬಂದಿತ್ತು. ಆದರೂ ಒಂದು ಕೊಂಬು ಮುರಿದು, ಮೂಸಿ, ಮಾಲು ಯಾವ ಊರಿನದೆಂದು ಹೇಳುವ ಮನುಷ್ಯ. ಆಟವೆಂಬುದನ್ನು ಜನ್ಮದಲ್ಲಿ ನೋಡಿದವರಲ್ಲ. ಮಗನೇ ಅವರನ್ನು ಹುಣಸೆ ಮರದ ನೆರಳಲ್ಲಿ ಗೋಣಿಚೀಲ ಹಾಸಿ ಕೂರಿಸಿದ್ದ.

"ಏನ್ ನೋಡಬೇಕೋ ಇದರಾಗ?"

"ಭಾಳ ಏನಿಲ್ರಿ ಅಪ್ಪಾ. ಇಲ್ಲೇ ನಿಮ್ಮ ಮುಂದ ಬುಟ್ಟಿ ಐತಲ್ಲ, ಇದರಾಗ ಚೆಂಡ ಬಿದ್ರ ನಮ್ಮದು. ಆ ಸಾಲಿ ಗ್ವಾಡಿ ಕಡೆ ಬುಟ್ಯಾಗ ಬಿದ್ರ ಅವರದು."

"ಹಂಗಾರ ಸೋಪಾ ಐತಿ ಬಿಡು, ಏನೂ ಕಷ್ಟಿಲ್ಲ."

ಮೊದಲ ಅರ್ಧದಲ್ಲಿ ಗುರುಸಿದ್ಧ ಎರಡು ಸಲ ಹಾಕಿದ. ಎರಡು ಸಲವೂ ಅಪ್ಪ ಎದ್ದು ಚಪ್ಪಾಳೆ ತಟ್ಟಿದರು. ಹತ್ತೊಂಬತ್ತು ವರ್ಷದಲ್ಲಿ ಅಪ್ಪ ತನಗಾಗಿ ಎದ್ದು ನಿಂತದ್ದನ್ನು ಅವನು ನೋಡಿರಲಿಲ್ಲ. ಕಾಲು ನೆಲದ ಮೇಲೆ ನಿಲ್ಲಲಿಲ್ಲ.

ವಿರಾಮದ ಹೊತ್ತಿಗೆ ಲಗಮಣ್ಣ ಬಂದ. ಊರಿಗೆ ಹೋಗಿದ್ದವನು ಬರುತ್ತಿದ್ದ ಬೇಡಗದ ಬಸ್ಸು ದಾರಿಯಲ್ಲಿ ಕೆಟ್ಟಿತ್ತಂತೆ. ಅವನು ಅರಿಶಿನದಂಗಡಿಯ ಹಮಾಲ ಶಿದ್ರಾಮನ ಮಗ. ಅವನನ್ನು ಕೊಲ್ಲಾಪುರದ ಕಾಲೇಜಿಗೆ ಸೇರಿಸಿದ್ದು ಮಹಾಲಿಂಗಪ್ಪನವರೇ. ಮನೆಯಲ್ಲಿ ಊಟಕ್ಕೆ ಕೂತಾಗಲೆಲ್ಲ ಒಂದೇ ಮಾತು: "ಶಿದ್ರಾಮನ ಮಗನ್ನ ನೋಡು." ಗುರುಸಿದ್ಧ ನೋಡೀ ನೋಡೀ ಬೇಸತ್ತಿದ್ದ.

ಲಗಮಣ್ಣ ನೆಟ್ಟಗೆ ಹುಣಸೆ ಮರದ ಬಳಿ ಹೋಗಿ ಕಾಲಿಗೆರಗಿದ.

"ಆರಾಮ ಅದೀರಿ ಸಾವ್ಕಾರ್ರ?"

ದನಿ ಕೇಳಿದ ಮೇಲೆ ಮಹಾಲಿಂಗಪ್ಪನವರ ಮುಖ ಅರಳಿತು. "ಲಗಮ್ಯಾ! ನೀನೇನೋ? ಚಂದ ಆಡು, ಹುಷಾರ!"

ಹಿಂದಿರುಗುವಾಗ ಲಗಮಣ್ಣ ನಕ್ಕ. "ಸಣ್ಣ ಸಾವ್ಕಾರ್ರ, ಆಶೀರ್ವಾದ ನನಗ ಸಿಕ್ಕೈತಿ. ಇನ್ನ ನಿಮಗೇನ್ ಉಳೀತು?"

ಚೇಷ್ಟೆಗೆ ಅಂದದ್ದು. ಗುರುಸಿದ್ಧನಿಗೆ ಮೆಣಸಿನಕಾಯಿ ಕಚ್ಚಿದಂತಾಯಿತು.

ಸೀಟಿ ಕೂಗಿತು. ತಂಡಗಳು ಬದಿ ಬದಲಿಸಿಕೊಂಡವು, ಆಟ ಮುಂದುವರಿಯಿತು. ಲಗಮಣ್ಣ ಇಳಿದ, ಹಾಕಿದ, ಅಪ್ಪ ಎದ್ದರು. ಮತ್ತೆ ಹಾಕಿದ, ಮತ್ತೆ ಎದ್ದರು. ಮೂರನೆಯದು ಈಗ.

ಗುರುಸಿದ್ಧನಿಗೆ ಹಟ ಬಂತು. ಚೆಂಡು ಕಸಿದು, ಇಬ್ಬರನ್ನು ತಪ್ಪಿಸಿ, ಶಾಲೆಯ ಗೋಡೆಯವರೆಗೂ ಓಡಿ, ಹಾರಿ ಹಾಕಿದ. ಇಡೀ ಮಿರಜ ಕೇಕೆ ಹಾಕಿತು. ತಿರುಗಿ ನೋಡಿದ. ಅಪ್ಪ ಕೂತೇ ಇದ್ದರು. ಟವೆಲ್ಲಿನಿಂದ ಕುತ್ತಿಗೆ ಒರೆಸಿಕೊಳ್ಳುತ್ತಿದ್ದರು. ಇನ್ನೊಮ್ಮೆ ಹಾಕಿದ. ಅಪ್ಪ ತಲೆ ಅಲ್ಲಾಡಿಸಿ, ಪಕ್ಕದವನೆದುರು ಲೊಚಗುಟ್ಟಿದರು.

ಲೊಚಗುಟ್ಟಿದರು! ಮಗ ಹಾಕಿದ್ದಕ್ಕೆ!

ಆಮೇಲೆ ಅವನು ಆಟ ಆಡಲಿಲ್ಲ, ಅಪ್ಪನನ್ನು ನೋಡಿದ. ಲಗಮಣ್ಣ ಹಾಕಿದಷ್ಟು ಸಲವೂ ಚಪ್ಪಾಳೆ. ಒಂದನ್ನೂ ಬಿಡಲಿಲ್ಲ.

ಕೊನೆಯ ಹತ್ತು ಸೆಕೆಂಡು. ಸಾಂಗಲಿ ನಲವತ್ತೆರಡು, ಕೊಲ್ಲಾಪುರ ನಲವತ್ತೊಂದು. ಕೊಲ್ಲಾಪುರದವರ ಗುರಿ ತಪ್ಪಿ, ಪುಟಿದ ಚೆಂಡು ಹುಣಸೆ ಮರದ ಕಡೆ ಬುಟ್ಟಿಯ ಕೆಳಗೇ ಗುರುಸಿದ್ಧನ ಕೈಗೆ ಬಂತು. ಸುಮ್ಮನೆ ಹಿಡಿದು ನಿಂತರೆ ಕಪ್ ಸಾಂಗಲಿಯದು.

"ಹಿಡಕೊಂಡ ನಿಂದ್ರೋ! ಬಿಡಬ್ಯಾಡ!" ನಾಯಕ ಜ್ಯೋತೆಪ್ಪ ಒದರಿದ.

ಹತ್ತು ಹೆಜ್ಜೆ ಆಚೆ ಅಪ್ಪ. ಎದ್ದೇ ನಿಂತಿದ್ದರು. ಎರಡೂ ಕೈ ಎತ್ತಿ, ಚಪ್ಪಾಳೆಗೆ ಸಿದ್ಧವಾಗಿ, ನಗುತ್ತಾ. ಲಗಮಣ್ಣ ಇವನ ಪಕ್ಕದಲ್ಲೇ ಏದುಸಿರು ಬಿಡುತ್ತಿದ್ದ.

ಗುರುಸಿದ್ಧ ಚೆಂಡನ್ನು ಲಗಮಣ್ಣನ ಎದೆಗೆ ತಳ್ಳಿದ.

"ತಗೋ. ಇದನ್ನೂ ನೀನೇ ತಗೋ."

ಲಗಮಣ್ಣ ಕಣ್ಣು ಪಿಳುಕಿಸಿದ. ತಲೆಗಿಂತ ಮೊದಲು ಅವನ ಕೈ ಕೆಲಸ ಮಾಡಿತು. ಚೆಂಡು ಬುಟ್ಟಿಯೊಳಗೆ ಇಳಿಯಿತು. ಸೀಟಿ ಕೂಗಿತು.

"ತುಲಾ ವೇಡ ಲಾಗಲಯ್ ಕಾ ರೇ? ಹುಚ್ಚ ಹಿಡದೈತೇನ ನಿನಗ?" ಜ್ಯೋತೆಪ್ಪ ಕಾಲರ್ ಹಿಡಿದ. ಗುರುಸಿದ್ಧ ಬಿಡಿಸಿಕೊಂಡು, ಜರ್ಸಿ ತೆಗೆದು ಅವನ ಕೈಗಿಟ್ಟು, ಹುಣಸೆ ಮರದ ಕಡೆ ನಡೆದ. ಅಪ್ಪನ ಚಪ್ಪಾಳೆ ಇನ್ನೂ ನಿಂತಿರಲಿಲ್ಲ.

"ಸಾಕ್ ಮಾಡ್ರಿ ಅಪ್ಪಾ. ಪಾಡ್ಯಾದಿಂದ ಗಾದಿ ಮ್ಯಾಲ ಕುಂದರ್ತೀನಿ. ಇನ್ನ ಚೆಂಡ ಮುಟ್ಟೂದಿಲ್ಲ."

ಮಹಾಲಿಂಗಪ್ಪನವರು ದನಿ ಬಂದ ಕಡೆ ಕೈ ಚಾಚಿ, ಮಗನ ಬೆವೆತ ಬೆನ್ನು ಹುಡುಕಿ ತಟ್ಟಿದರು.

"ಎಂಥಾ ಗಾದಿಯೋ ತಮ್ಮಾ, ಆಡು ನೀ! ಮುಖ ಒಂದೂ ಕಾಣವಲ್ಲವು, ಆದ್ರ ನೀ ಹೇಳಿದ ಈ ಹುಣಸಿ ಗಿಡದ ಬುಟ್ಟಿ ಬಿಟ್ಟು ಕಣ್ಣ ಕದಲಿಸಿಲ್ಲ, ಬಿದ್ದಾಗೊಮ್ಮೆ ನಿನಗ ಎದ್ದು ಚಪ್ಪಾಳಿ ಹೊಡದೇನಿ."