ಹನ್ನೊಂದು ಸರ್ಟಿಫಿಕೇಟು

“ಇದರಾಗ ಹುಲುಗೇಶ ಎಲ್ಲಿ ಅದಾನ?” ಎಂದು ಶಾಲೆಯ ಕಾರ್ಯದರ್ಶಿ ಓಬಳೇಶಪ್ಪ ಕೇಳಿದಾಗ ಹನ್ನೊಂದು ಸರ್ಟಿಫಿಕೇಟುಗಳೂ ಮೇಜಿನ ಮೇಲೆ ಹರಡಿದ್ದವು. ಎಲ್ಲದರಲ್ಲೂ ವಾಲಿಬಾಲ್ ಚಿತ್ರವಿತ್ತು, ‘ಪ್ರಥಮ ಸ್ಥಾನ’ ಎಂದಿತ್ತು, ಯಾವುದೋ ಯುವಕ ಸಂಘದ ಸೀಲಿತ್ತು. ಹುಲುಗೇಶನ ಹೆಸರು ಒಂದರಲ್ಲೂ ಇರಲಿಲ್ಲ.

“ಎಲ್ಲಾವೂ ನನ್ನವ ರಿ,” ಎಂದ ಹುಲುಗೇಶ, ನಿಂತುಕೊಂಡೇ. ಅವನಿಗೆ ಯಾರೂ ಕೂರು ಎಂದಿರಲಿಲ್ಲ. “ಕೊಟ್ಟೂರಿಗೆ ಆಡಿದಾಗ ಬೊಮ್ಮಪ್ಪ. ಹಡಗಲಿಗೆ ಅಂಜಿನೇಯಲು. ಹಗರಿಬೊಮ್ಮನಹಳ್ಳಿಗೆ ಎರಡು ವರ್ಷ ಪಾಲಣ್ಣ. ಆಯಾ ಊರಿನವರ ಆಡಬೇಕು ಅಂತ ರೂಲ್ಸ್ ಇತ್ತಲ್ರಿ. ಯಾರ ಹೆಸರು ಕೊಟ್ರೋ ಆ ಹೆಸರಿನಾಗ ಆಡ್ತಿದ್ದೆ.”

ಹದಿನಾಲ್ಕು ವರ್ಷ ಅವನು ಮಾಡಿದ್ದು ಇದನ್ನೇ. ಐದು ತಾಲ್ಲೂಕಿನಲ್ಲಿ ಯಾವ ಊರಿಗೆ ಕಪ್ ಬೇಕೋ ಆ ಊರಿನವರು ಬಂದು ಅವನನ್ನು ಬಸ್ ಹತ್ತಿಸಿಕೊಂಡು ಹೋಗುತ್ತಿದ್ದರು. ಅಂಕಣದೊಳಗೆ ಅವನಿಗೆ ಯಾರದೋ ಹೆಸರು. ಗೆದ್ದ ಮೇಲೆ ಊಟಕ್ಕೆ ಕೂರಿಸುವ ಹೊತ್ತಿಗೆ ಮಾತ್ರ ಎಲ್ಲರಿಗೂ ಅವನ ನಿಜವಾದ ಹೆಸರು, ಕೇರಿ ಎರಡೂ ನೆನಪಾಗಿಬಿಡುತ್ತಿದ್ದವು. ಅವನ ಎಲೆ ಜಗುಲಿಯ ಮೇಲೆ ಬೀಳುತ್ತಿತ್ತು. ಅವನು ಉಂಡು, ಕೈ ತೊಳೆದು, ಮುಂದಿನ ಊರಿಗೆ ಹೋಗುತ್ತಿದ್ದ. “ಏನ್ ಸ್ಮ್ಯಾಶ್ ಹೊಡಿತಿಯಲೇ!” ಎಂದು ಯಾರಾದರೂ ಒಂದು ಮಾತು ಅಂದರೆ ಒಂದು ವರ್ಷಕ್ಕೆ ಸಾಕಾಗುತ್ತಿತ್ತು.

ಈಗ ಅವನಿಗೆ ಮೂವತ್ತಾರು. ಆಡಿದ ಮಾರನೆಯ ದಿನ ಬಲಮೊಣಕಾಲು ಬುರುಬುರು ಊದುತ್ತಿತ್ತು. ಕೂಡ್ಲಿಗಿಯ ಈ ಖಾಸಗಿ ಶಾಲೆಯಲ್ಲಿ ಆಟದ ಮಾಸ್ತರರ ಕೆಲಸ ಖಾಲಿಯಿದೆ, ಅನುಭವಿ ಆಟಗಾರರಿಗೆ ಆದ್ಯತೆ ಎಂದು ಬೋರ್ಡಿನಲ್ಲಿ ಓದಿ ಬಂದಿದ್ದ. ಇದು ಸಿಗದಿದ್ದರೆ ಸೋಮವಾರದಿಂದ ಕಲ್ಲು ಕ್ವಾರಿ. ಹೆಂಡತಿ ಮಾರೆಮ್ಮ ಆಗಲೇ ಮೇಸ್ತ್ರಿಗೆ ಮಾತು ಕೊಟ್ಟಿದ್ದಳು. ಆ ಮೊಣಕಾಲು ಕ್ವಾರಿಯಲ್ಲಿ ಒಂದು ವಾರ ತಡೆಯುವುದಿಲ್ಲವೆಂದು ಅವನಿಗೆ ಗೊತ್ತಿತ್ತು.

ಮುಖ್ಯೋಪಾಧ್ಯಾಯಿನಿ ನಾಗರತ್ನ ಒಂದು ಸರ್ಟಿಫಿಕೇಟನ್ನು ಎತ್ತಿ ಬೆಳಕಿಗೆ ಹಿಡಿದರು. “ಸರ್, ಇದರ ಕೆಳಗ ನಿಮ್ಮ ಸಹಿ ಐತಲ್ರಿ.”

ಕಾರ್ಯದರ್ಶಿಯಾಗುವ ಮೊದಲು ಓಬಳೇಶಪ್ಪ ಊರಿನ ವಾಲಿಬಾಲ್ ತಂಡಕ್ಕೆ ಮ್ಯಾನೇಜರನಾಗಿದ್ದ; ಸರ್ಟಿಫಿಕೇಟಿನಲ್ಲಿ ಆಟಗಾರರ ಹೆಸರು ತುಂಬಿ ಸಹಿ ಹಾಕುತ್ತಿದ್ದವನು ಅವನೇ. ಹುಲುಗೇಶನ ಮುಖ ಅರಳಿತು.

“ಹೌದ್ರಿ ಯಜಮಾನ್ರ, ನೀವ ಬರ್ದಿದ್ರಿ! ತೊಂಬತ್ತೇಳು, ಹರಪನಹಳ್ಳಿ ಫೈನಲ್ಲು. ಮೌನೇಶ ಅಂತ ಇಳಿಸಿದ್ರಿ. ಕಡೀ ಪಾಯಿಂಟ್ ಹೊಡ್ದಾಗ ಓಡಿ ಬಂದು ತಬ್ಬಿಕೊಂಡಿದ್ರಿ. ನೆನಪೈತಲ್ರಿ?”

“ನೆನಪೈತಿ ಲೇ. ನಾನ ಬರ್ದೀನಿ. ಅದಕ್ಕ ಹೇಳ್ತೀನಿ, ಇದು ನಿಂದಲ್ಲ ಅಂತ ನನಗಿಂತ ಚೊಲೋ ಯಾರಿಗೆ ಗೊತ್ತಿರತೈತಿ?”

ಓಬಳೇಶಪ್ಪ ಹನ್ನೊಂದರಲ್ಲಿ ಮೂರನ್ನು ಹೆಕ್ಕಿ ತೆಗೆದ. ಮೂರೂ ಮೌನೇಶನ ಹೆಸರಿನವು. ಮೌನೇಶ ಓಬಳೇಶಪ್ಪನ ಅಕ್ಕನ ಮಗ. ಇದೇ ಕೆಲಸಕ್ಕೆ ಅರ್ಜಿ ಹಾಕಿ, ಹೊಸ ಟ್ರ್ಯಾಕ್‌ಸೂಟ್ ತೊಟ್ಟು ಹೊರಗಿನ ಬೆಂಚಿನ ಮೇಲೆ ಕುಳಿತು ಶೇಂಗಾ ತಿನ್ನುತ್ತಿದ್ದ.

“ಇವು ಮೌನೇಶನವು. ಅವನ ಫೈಲಿಗೆ ಸೇರಿಸ್ರಿ, ಮೇಡಂ.”

“ಸರ್, ಆಡಿದವ್ರು ಇವ್ರಲ್ರಿ…”

“ಹೆಸರು ಯಾರದ ಐತಿ ಓದ್ರಿ.”

ನಾಗರತ್ನ ಓದಿದರು. ಅವರ ನೌಕರಿಯೂ ಇನ್ನೂ ಕಾಯಂ ಆಗಿರಲಿಲ್ಲ. ಮೂರಕ್ಕೂ ಪಂಚಿಂಗ್ ಮೆಷಿನ್ನಿನಿಂದ ತೂತು ಹಾಕಿ, ಮೌನೇಶನ ಫೈಲಿನ ದಾರಕ್ಕೆ ಪೋಣಿಸಿ, ಗಂಟು ಹಾಕಿದರು. ಹುಲುಗೇಶ ಆ ಗಂಟನ್ನು ನೋಡುತ್ತ ನಿಂತ.

“ಉಳಿದವನ್ನ ಮನಿಯಾಗ ಇಟ್ಟುಕೋ. ಹಿಡ್ಕೊಂಡು ಅಡ್ಡಾಡಬ್ಯಾಡ. ಮಂದಿ ಹೆಸರಿನಾಗ ಆಡ್ಯಾನ ಅಂತ ಯಾರರ ಕಂಪ್ಲೇಂಟ್ ಕೊಟ್ರ ಒಳಗ ಹಾಕ್ತಾರ,” ಎಂದ ಓಬಳೇಶಪ್ಪ. ಆಮೇಲೆ ಕುರ್ಚಿಗೆ ಒರಗಿ ದನಿ ಇಳಿಸಿದ. “ಬರೋ ಭಾನುವಾರ ಹಡಗಲಿಯಾಗ ಶಾಲಿ ಮಾಸ್ತರರ ಟೂರ್ನಮೆಂಟ್ ಐತಿ. ನಮ್ಮ ಆಟದ ಮಾಸ್ತರ ಅಂತ ಮೌನೇಶನ ಹೆಸರು ಕಳಸ್ತೀವಿ. ಅವ ಚೆಂಡು ಕಂಡ್ರ ಕಣ್ಣು ಮುಚ್ಕೊಂತಾನ, ನಿನಗ ಗೊತ್ತಿದ್ದದ್ದ. ನೀ ಬಂದುಬಿಡು. ಕಪ್ ತಂದ್ರ ಜವಾನನ ಪೋಸ್ಟಿಗೆ ನಿನ್ನ ಹೆಸರು ಇಡ್ತೀನಿ. ಇಡ್ತೀನಿ ಅಂದ್ರ, ನೋಡೋಣ.”

ಹುಲುಗೇಶ ಉಳಿದ ಎಂಟನ್ನು ಜೋಡಿಸಿ ಪ್ಲಾಸ್ಟಿಕ್ ಚೀಲಕ್ಕೆ ಹಾಕಿದ. ಕುಂಟುತ್ತ ಬಾಗಿಲವರೆಗೆ ಹೋದವನು ಅಲ್ಲೇ ನಿಂತ. ತಿರುಗಿದ. ಮೇಜಿನ ಹತ್ತಿರ ವಾಪಸು ಬಂದ. ಅವನ ದವಡೆ ಬಿಗಿದಿತ್ತು. ನಾಗರತ್ನ ಕುರ್ಚಿಯನ್ನು ಹಿಂದಕ್ಕೆ ಸರಿಸಿಕೊಂಡರು. ಕೊನೆಗೂ ಇವನು ಉಗಿಯುತ್ತಾನೆ ಎಂದುಕೊಂಡರು. ಒಳಗೊಳಗೇ, ಉಗಿಯಲಿ ಎಂದೂ ಅಂದುಕೊಂಡರು.

“ಯಜಮಾನ್ರ, ಒಂದು ಮಾತು.”

“ಏನಲೇ?”

“ಮೌನೇಶ್ ಮಾಸ್ತರ ಅಪ್ಪನ ಹೆಸರೇನ್ರಿ? ಆ ಹೆಸರಿನಾಗ ಆಡಿ ಏಳು ವರ್ಷ ಆತಲ್ರಿ, ಮರ್ತೀನಿ. ಅಂಪೈರ್ ಅದನ್ನ ಮೊದ್ಲು ಕೇಳ್ತಾರ.”